ಮಾಚುವ ಅಪ್ಪನೂ ಮಾವುತನ ಮಗನೂ

1937ರಲ್ಲಿ ತೆರೆಕಂಡ ‘ಎಲಿಫೆಂಟ್ ಬಾಯ್’ ಚಿತ್ರದ ಕೊನೆಯ ಭಾಗ. ಖೆಡ್ಡಾ ಬೇಟೆಗಾರರ ಹಿರಿಯ ಮಾಚುವ ಅಪ್ಪ, ತೂಮಾಯ್ ಎಂಬ ಮಾವುತರ ಹುಡುಗನನ್ನು ತನ್ನ ಶಿಷ್ಯನನ್ನಾಗಿ ಸ್ವೀಕರಿಸುತ್ತಾನೆ. ಯಾರ ಕಣ್ಣಿಗೂ ಬೀಳದ ಆನೆಗಳ ಕುಣಿತವನ್ನು ಕಂಡುಬಂದ ಹುಡುಗನಿಗೆ ಕಾಡಿನ ಹಿರಿಯನಿಂದ ಸಲ್ಲುವ ಮರ್ಯಾದೆ ಅದು. ಚಿತ್ರದಲ್ಲಿ ಕಾಣುವ ಕಾಡು ಮೈಸೂರು ಸಂಸ್ಥಾನದ್ದು. ಆನೆಗಳು ಮಹಾರಾಜರ ಲಾಯದವು. ತೂಮಾಯ್ ಪಾತ್ರದ ಹುಡುಗ ಹೆಗ್ಗಡದೇವನಕೋಟೆ ಸೀಮೆಯ ಕಾರಾಪುರದವನು, ನಿಜವಾಗಿಯೂ ಮಾವುತನ ಮಗ.

ಆದರೆ ಮಾಚುವ ಅಪ್ಪ ಮಾತ್ರ ಮೈಸೂರಿನವನಲ್ಲ, ಭಾರತದವನೂ ಅಲ್ಲ. ಮುಖಕ್ಕೆ ಕಂದು ಬಣ್ಣ ಬಳಿದುಕೊಂಡು ಆ ಪಾತ್ರ ವಹಿಸಿದವರು ಲಂಡನ್ ಸಮೀಪದ ಬಾರ್ನೆಟ್‌ನಲ್ಲಿ 1885ರ ಜನವರಿ 19ರಂದು ಹುಟ್ಟಿದ ಇಂಗ್ಲಿಷ್ ನಟ ಅಲನ್ ಜೇಯ್ಸ್.

ಜೇಯ್ಸ್ ಹೆಸರನ್ನು ಇಂದು ಇಂಗ್ಲೆಂಡಿನಲ್ಲಿಯೂ ಬಲ್ಲವರು ಕಡಿಮೆ. ಹುಡುಗ ಸಾಬುವಿನ ಹೆಸರು ಅಷ್ಟಿಷ್ಟು ಉಳಿದಿದೆ. ಈ ಇಬ್ಬರೂ ಎರಡು ಚಿತ್ರಗಳಲ್ಲಿ ಒಟ್ಟಿಗೆ ಇದ್ದರು. ಇಬ್ಬರೂ ಒಂದೇ ವರ್ಷ ತೀರಿಕೊಂಡರು. ಒಬ್ಬ ಸಾಮಾನ್ಯ ಪೋಷಕ ನಟನಿಗೆ ಯಾವ ಯಾವ ಪಾತ್ರಗಳು ದಕ್ಕಿದವು, ಜಗತ್ಪ್ರಸಿದ್ಧನಾದ ಹುಡುಗನಿಗೆ ಯಾವುವು ದಕ್ಕಲಿಲ್ಲ ಎಂಬುದನ್ನು ಅಕ್ಕಪಕ್ಕದಲ್ಲಿಟ್ಟು ನೋಡಿದರೆ ಆ ಕಾಲದ ಸಿನಿಮಾ ಮಾತ್ರವಲ್ಲ, ಸಾಮ್ರಾಜ್ಯವೂ ಹೇಗೆ ಯೋಚಿಸುತ್ತಿತ್ತು ಎಂಬುದು ತಿಳಿಯುತ್ತದೆ.

ಪೋಷಕ ನಟನ ದುಡಿಮೆ

ಇಂಗ್ಲಿಷಿನಲ್ಲಿ ಕ್ಯಾರೆಕ್ಟರ್ ಆಕ್ಟರ್ ಎಂದು ಕರೆಯುವ ನಟನನ್ನು ನಾವು ಪೋಷಕ ನಟ ಎನ್ನುತ್ತೇವೆ. ಕನ್ನಡದ ಪ್ರೇಕ್ಷಕರಿಗೆ ಈ ಬಗೆಯ ನಟರ ಪರಿಚಯ ಚೆನ್ನಾಗಿಯೇ ಇದೆ. ಕೆ.ಎಸ್. ಅಶ್ವತ್ಥ್ ತೆರೆಗೆ ಬಂದರೆ ಮನೆಗೊಬ್ಬ ಹಿರಿಯ ಬಂದಂತೆ. ಟಿ.ಎನ್. ಬಾಲಕೃಷ್ಣ ಬಂದರೆ ಏನೋ ಒಂದು ಕಿತಾಪತಿ ಶುರುವಾದಂತೆ. ನಾಯಕ ನಟ ತನ್ನ ಮುಖವನ್ನೇ ಮಾರುತ್ತಾನೆ. ಚಿತ್ರ ಯಾವುದಾದರೂ ಜನ ನೋಡಬಯಸುವುದು ಅವನನ್ನೇ. ಪೋಷಕ ನಟ ಹಾಗಲ್ಲ. ಚಿತ್ರದಿಂದ ಚಿತ್ರಕ್ಕೆ ತನ್ನನ್ನು ಬದಲಿಸಿಕೊಳ್ಳುವುದೇ ಅವನ ಕಸುಬು. ಗುರುತು ಸಿಗದಷ್ಟು ಬದಲಾದರೆ ಅದು ಅವನ ಗೆಲುವು. ಹೆಸರು ಉಳಿಯದಿರುವುದು ಅದೇ ಗೆಲುವಿಗೆ ತೆರಬೇಕಾದ ಬೆಲೆ.

1920 ಮತ್ತು 30ರ ದಶಕಗಳ ಇಂಗ್ಲೆಂಡಿನಲ್ಲಿ ಇಂಥ ನಟರಿಗೆ ಕೈತುಂಬ ಕೆಲಸವಿತ್ತು. ಅದಕ್ಕೆ ಕಾರಣ ಒಂದು ಕಾನೂನು. ಮೊದಲ ಮಹಾಯುದ್ಧದ ನಂತರ ಬ್ರಿಟನ್ನಿನ ಚಿತ್ರಮಂದಿರಗಳನ್ನು ಅಮೆರಿಕದ ಚಿತ್ರಗಳು ಆಕ್ರಮಿಸಿಕೊಂಡಿದ್ದವು. ದೇಶದ ಚಿತ್ರೋದ್ಯಮವನ್ನು ಉಳಿಸಲು 1927ರಲ್ಲಿ ಬ್ರಿಟಿಷ್ ಸಂಸತ್ತು ಸಿನಿಮಾ ಕಾಯ್ದೆಯೊಂದನ್ನು ತಂದಿತು. ಚಿತ್ರಮಂದಿರಗಳು ಇಂತಿಷ್ಟು ಪಾಲು ಬ್ರಿಟಿಷ್ ಚಿತ್ರಗಳನ್ನು ತೋರಿಸಲೇಬೇಕೆಂದು ಕಡ್ಡಾಯವಾಯಿತು. ಈ ಪಾಲು ವರ್ಷದಿಂದ ವರ್ಷಕ್ಕೆ ಏರುತ್ತ ಶೇಕಡ 20ಕ್ಕೆ ಮುಟ್ಟಿತು. ಪರಿಣಾಮವಾಗಿ ಅಗ್ಗದ ಖರ್ಚಿನಲ್ಲಿ, ಕೆಲವೇ ವಾರಗಳಲ್ಲಿ ತಯಾರಾಗುವ ಚಿತ್ರಗಳು ಸಾಲುಗಟ್ಟಿದವು. ಪ್ರತಿ ಚಿತ್ರಕ್ಕೂ ಒಬ್ಬ ಪೊಲೀಸ್ ಅಧಿಕಾರಿ, ಒಬ್ಬ ನ್ಯಾಯಾಧೀಶ, ಒಬ್ಬ ಡಾಕ್ಟರು, ಒಬ್ಬ ಸಿಡುಕಿನ ಅಪ್ಪ ಬೇಕೇ ಬೇಕು. ಸ್ಟುಡಿಯೊಗಳು ಲಂಡನ್ ಸುತ್ತಮುತ್ತಲೇ ಇದ್ದುದರಿಂದ, ಹಗಲು ಕ್ಯಾಮೆರಾ ಮುಂದೆ ನಿಂತು ಸಂಜೆ ರಂಗಮಂದಿರಕ್ಕೆ ಓಡುವುದು ಅಲ್ಲಿನ ನಟರಿಗೆ ಸಾಧ್ಯವಿತ್ತು.

ಅಲನ್ ಜೇಯ್ಸ್ ಈ ಗುಂಪಿಗೆ ಸೇರಿದವರು. ರಂಗಭೂಮಿಯಲ್ಲಿ ಪಳಗಿ, ಮೂಕಿ ಚಿತ್ರಗಳ ಕಾಲದಲ್ಲಿಯೇ ತೆರೆಯ ಮೇಲೆ ಕಾಣಿಸಿಕೊಂಡು, ಮಾತು ಬಂದ ಮೇಲೆ ಬಿಡುವಿಲ್ಲದಂತಾದವರು. ನಾಟಕದ ಕಂಪನಿಯಿಂದ ಬಂದ ನಟನಿಗೆ ಮಾತಿನ ಚಿತ್ರಗಳು ವರವಾದದ್ದು ನಮ್ಮಲ್ಲಿಯೂ ಹಾಗೆಯೇ. ಕನ್ನಡದ ಮೊದಲ ಮಾತಿನ ಚಿತ್ರ ‘ಸತಿ ಸುಲೋಚನ’ದಲ್ಲಿ ಇಂದ್ರಜಿತುವಾದ ಎಂ.ವಿ. ಸುಬ್ಬಯ್ಯ ನಾಯ್ಡು, ರಾವಣನಾದ ಆರ್. ನಾಗೇಂದ್ರರಾಯರು ಇಬ್ಬರೂ ನಾಟಕದ ಹಲಗೆಯ ಮೇಲೆ ಬೆಳೆದವರೇ.

ಕೋರ್ಡಾ ಬಳಗದಲ್ಲಿ

1930ರ ದಶಕದ ಬ್ರಿಟಿಷ್ ಚಿತ್ರರಂಗದಲ್ಲಿ ದೊಡ್ಡ ಹೆಸರು ಅಲೆಕ್ಸಾಂಡರ್ ಕೋರ್ಡಾ. ಹಂಗೇರಿಯಿಂದ ಬಂದು ಲಂಡನ್ನಿನಲ್ಲಿ ನೆಲೆಸಿದ ಕೋರ್ಡಾ ‘ಲಂಡನ್ ಫಿಲ್ಮ್ಸ್’ ಸಂಸ್ಥೆ ಕಟ್ಟಿ, ಡೆನ್ಹಮ್ ಎಂಬಲ್ಲಿ ಭಾರಿ ಸ್ಟುಡಿಯೊ ನಿರ್ಮಿಸಿದರು. ಅವರ ಸೋದರರಾದ ಜೋಲ್ಟನ್ ನಿರ್ದೇಶಕ, ವಿನ್ಸೆಂಟ್ ಕಲಾ ನಿರ್ದೇಶಕ. ದೊಡ್ಡ ನಟರ ಸುತ್ತ ನಂಬಿಕೆಯ ಪೋಷಕ ನಟರನ್ನು ಮತ್ತೆ ಮತ್ತೆ ಬಳಸುವುದು ಕೋರ್ಡಾ ಅವರ ರೂಢಿ. ಜೇಯ್ಸ್ ಆ ಬಳಗದ ಕಾಯಂ ಮುಖಗಳಲ್ಲೊಬ್ಬರಾದರು.

ಅವರ ಪಾತ್ರಗಳನ್ನು ವರ್ಷವಾರು ನೋಡಿದರೆ ಅಚ್ಚರಿಯಾಗುತ್ತದೆ. 1934ರ ‘ದ ಸ್ಕಾರ್ಲೆಟ್ ಪಿಂಪರ್ನೆಲ್’ನಲ್ಲಿ ಇಂಗ್ಲೆಂಡಿನ ಲಾರ್ಡ್ ಗ್ರೆನ್‌ವಿಲ್. 1935ರಲ್ಲಿ ಆಫ್ರಿಕದ ಹಿನ್ನೆಲೆಯ ‘ಸ್ಯಾಂಡರ್ಸ್ ಆಫ್ ದ ರಿವರ್’ನಲ್ಲಿ ಪಾದ್ರಿ ಓಲಿಯರಿ. 1936ರಲ್ಲಿ ಎಚ್.ಜಿ. ವೆಲ್ಸ್ ಬರೆದ ‘ಥಿಂಗ್ಸ್ ಟು ಕಮ್’ ಚಿತ್ರದಲ್ಲಿ ಕ್ಯಾಬಲ್ ಮನೆತನದ ಅಜ್ಜ. ಅದೇ ವರ್ಷ ಚಾರ್ಲ್ಸ್ ಲಾಟನ್ ನಾಯಕನಾಗಿದ್ದ ‘ರೆಂಬ್ರಾಂಟ್’ನಲ್ಲಿ ಡಚ್ ವೈದ್ಯ ಡಾ. ಟಲ್ಪ್. 1937ರಲ್ಲಿ ರಷ್ಯದ ಕ್ರಾಂತಿಯ ಕಥೆಯುಳ್ಳ ‘ನೈಟ್ ವಿತೌಟ್ ಆರ್ಮರ್’ನಲ್ಲಿ ಶ್ವೇತ ಸೇನೆಯ ಜನರಲ್. ಮತ್ತೆ ಅದೇ ವರ್ಷ ಮೈಸೂರು ಕಾಡಿನ ಮಾಚುವ ಅಪ್ಪ.

ಹೀಗೆ ಮೂರು ನಾಲ್ಕು ವರ್ಷಗಳಲ್ಲಿ ಒಬ್ಬನೇ ನಟ ಇಂಗ್ಲಿಷಿನವನೂ ಡಚ್ಚಿನವನೂ ರಷ್ಯನ್ನನೂ ಭಾರತೀಯನೂ ಆಗಿದ್ದ. ಇವುಗಳಲ್ಲಿ ಯಾವ ಪಾತ್ರವೂ ದೊಡ್ಡದಲ್ಲ. ಕೆಲವು ನಾಲ್ಕಾರು ನಿಮಿಷಗಳಲ್ಲಿ ಮುಗಿದುಹೋಗುತ್ತವೆ. ಆದರೆ ಜಗತ್ತಿನ ಯಾವ ಮೂಲೆಯ ಮನುಷ್ಯನನ್ನಾದರೂ ಆಡಿ ತೋರಿಸುವ ಅಧಿಕಾರ ಜೇಯ್ಸ್ ಅವರಿಗಿತ್ತು. ಅದನ್ನು ಯಾರೂ ಪ್ರಶ್ನಿಸುತ್ತಿರಲಿಲ್ಲ.

ಮೈಸೂರಿಗೆ ಬಂದ ಕ್ಯಾಮೆರಾ

‘ಎಲಿಫೆಂಟ್ ಬಾಯ್’ ಚಿತ್ರದ ಮೂಲ ರಡ್ಯಾರ್ಡ್ ಕಿಪ್ಲಿಂಗ್ ಬರೆದ ಒಂದು ಸಣ್ಣಕಥೆ. 1894ರಲ್ಲಿ ಪ್ರಕಟವಾದ ‘ಜಂಗಲ್ ಬುಕ್’ ಪುಸ್ತಕದಲ್ಲಿ ಅದು ಸೇರಿದೆ. ಕಥೆ ನಡೆಯುವುದು ಈಶಾನ್ಯ ಭಾರತದ ಗಾರೋ ಬೆಟ್ಟಗಳಲ್ಲಿ. ಆದರೆ ಚಿತ್ರೀಕರಣಕ್ಕೆ ಆನೆಗಳೂ ಖೆಡ್ಡಾ ಅನುಭವವೂ ರಾಜಾಶ್ರಯವೂ ಒಂದೇ ಕಡೆ ಸಿಗುವ ಜಾಗ ಬೇಕಿತ್ತು. ಅದು ಸಿಕ್ಕಿದ್ದು ಮೈಸೂರಿನಲ್ಲಿ. 1870ರ ದಶಕದಲ್ಲಿ ಜಿ.ಪಿ. ಸ್ಯಾಂಡರ್‌ಸನ್ ಎಂಬ ಅಧಿಕಾರಿ ಸಂಸ್ಥಾನದಲ್ಲಿ ಖೆಡ್ಡಾ ವಿಧಾನವನ್ನು ನೆಲೆಗೊಳಿಸಿದ್ದ. ಆನೆ ಹಿಂಡನ್ನು ತಮಟೆ, ಪಂಜುಗಳಿಂದ ಬೆದರಿಸಿ ಬಲವಾದ ಮರದ ಆವರಣದೊಳಕ್ಕೆ ಓಡಿಸಿ ಹಿಡಿಯುವ ಈ ಬೇಟೆಗೆ ಕಾಕನಕೋಟೆ, ಕಾರಾಪುರದ ಕಾಡು ಹೆಸರಾಗಿತ್ತು. ವೈಸರಾಯರಂಥ ಅತಿಥಿಗಳು ಬಂದಾಗ ಖೆಡ್ಡಾ ನಡೆಸಿ ತೋರಿಸುವುದು ಅರಮನೆಯ ಪದ್ಧತಿಯಾಗಿತ್ತು.

1935ರಲ್ಲಿ ಕೋರ್ಡಾ ಕಳಿಸಿದ ತಂಡ ಮೈಸೂರಿಗೆ ಬಂತು. ಮುಂದಾಳು ಅಮೆರಿಕದ ರಾಬರ್ಟ್ ಫ್ಲಾಹರ್ಟಿ. ಎಸ್ಕಿಮೊ ಜನರ ಬದುಕನ್ನು ಕುರಿತ ‘ನಾನೂಕ್ ಆಫ್ ದ ನಾರ್ತ್’ ಎಂಬ 1922ರ ಚಿತ್ರದಿಂದ ಸಾಕ್ಷ್ಯಚಿತ್ರದ ಪಿತಾಮಹರೆನಿಸಿದವರು. ನಾಲ್ವಡಿ ಕೃಷ್ಣರಾಜ ಒಡೆಯರ ಸರ್ಕಾರ ಎಲ್ಲ ನೆರವು ನೀಡಿತು. ಮೈಸೂರಿನ ಚಿತ್ತರಂಜನ ಮಹಲ್ ತಂಡದ ಬಿಡಾರವಾಯಿತು.

ವೃತ್ತಿನಟರನ್ನು ಬಿಟ್ಟು ಆಯಾ ಊರಿನ ಜನರಿಂದಲೇ ಅಭಿನಯ ಮಾಡಿಸುವುದು ಫ್ಲಾಹರ್ಟಿಯವರ ಕ್ರಮ. ತೂಮಾಯ್ ಪಾತ್ರಕ್ಕೂ ಅವರಿಗೆ ಆನೆಗಳ ನಡುವೆ ಬೆಳೆದ ಹುಡುಗನೇ ಬೇಕಿತ್ತು. ಛಾಯಾಗ್ರಾಹಕ ಓಸ್ಮಂಡ್ ಬೊರಡೇಲ್ ಕಣ್ಣಿಗೆ ಅರಮನೆಯ ಆನೆ ಲಾಯದಲ್ಲಿ ಒಬ್ಬ ಹುಡುಗ ಬಿದ್ದ. 1924ರ ಜನವರಿ 27ರಂದು ಕಾರಾಪುರದಲ್ಲಿ ಹುಟ್ಟಿದ ಸಾಬು ಆಗ ಹನ್ನೊಂದು ವರ್ಷದವನು. ತಂದೆ ಮಹಾರಾಜರ ಮಾವುತ. ತಂದೆ ತಾಯಿ ಇಬ್ಬರೂ ತೀರಿಕೊಂಡು ಹುಡುಗ ಲಾಯದ ಆಶ್ರಯದಲ್ಲಿದ್ದ. ಮುಂದೆ ಪತ್ರಿಕೆಗಳು ‘ಸಾಬು ದಸ್ತಗೀರ್’ ಎಂದು ಬರೆದವು. ವಾಸ್ತವವಾಗಿ ದಸ್ತಗೀರ್ ಅವನ ಅಣ್ಣನ ಹೆಸರು. ಅಂದರೆ ಜಗತ್ತಿಗೆಲ್ಲ ಪರಿಚಿತನಾದ ಮೇಲೂ ಹುಡುಗನ ಪೂರ್ತಿ ಹೆಸರನ್ನು ಯಾರೂ ಸರಿಯಾಗಿ ಕೇಳಿ ಬರೆದುಕೊಂಡಿರಲಿಲ್ಲ.

ಆಗ ಕನ್ನಡದ ಮಾತಿನ ಚಿತ್ರ ಇನ್ನೂ ಕೂಸು. ‘ಸತಿ ಸುಲೋಚನ’ ತೆರೆಕಂಡದ್ದು 1934ರ ಮಾರ್ಚ್ 3ರಂದು. ಅದರ ಚಿತ್ರೀಕರಣಕ್ಕಾಗಿ ಕನ್ನಡದ ನಟರು ಕೊಲ್ಲಾಪುರಕ್ಕೆ ಹೋಗಬೇಕಾಗಿತ್ತು. ಅದರ ಮರುವರ್ಷವೇ ಲಂಡನ್ನಿನ ತಂಡವೊಂದು ಮೈಸೂರಿನಲ್ಲಿ ಬೀಡುಬಿಟ್ಟು ತಿಂಗಳುಗಟ್ಟಲೆ ಸಾವಿರಾರು ಅಡಿ ಫಿಲಂ ತಿರುಗಿಸುತ್ತಿತ್ತು.

ಡೆನ್ಹಮ್‌ನ ಕಾಡು

ಫ್ಲಾಹರ್ಟಿ ತೆಗೆದ ದೃಶ್ಯಗಳು ಬೆರಗು ಹುಟ್ಟಿಸುವಂತಿದ್ದವು. ಆದರೆ ಅವುಗಳಲ್ಲಿ ಕಥೆ ಇರಲಿಲ್ಲ. ಖರ್ಚು ಏರುತ್ತಿದ್ದುದನ್ನು ಕಂಡ ಕೋರ್ಡಾ ತಂಡವನ್ನು ವಾಪಸು ಕರೆಸಿಕೊಂಡರು. ಸಾಬುವನ್ನೂ ಅವನ ಅಣ್ಣನನ್ನೂ 1936ರಲ್ಲಿ ಇಂಗ್ಲೆಂಡಿಗೆ ಕರೆದೊಯ್ದರು. ಕಥೆಯ ಭಾಗವನ್ನು ಜೋಲ್ಟನ್ ಕೋರ್ಡಾ ಡೆನ್ಹಮ್ ಸ್ಟುಡಿಯೊದಲ್ಲಿ ಚಿತ್ರೀಕರಿಸಿದರು.

ಅಲನ್ ಜೇಯ್ಸ್ ಚಿತ್ರದೊಳಕ್ಕೆ ಬಂದದ್ದು ಈ ಹಂತದಲ್ಲಿ. ಪೀಟರ್ಸನ್ ಸಾಹೇಬನಾಗಿ ವಾಲ್ಟರ್ ಹಡ್, ಕಮಿಷನರ್ ಆಗಿ ವಿಲ್ಫ್ರಿಡ್ ಹೈಡ್ ವೈಟ್ ಬಂದರು. ಅವರಿಬ್ಬರದು ಬಿಳಿಯರ ಪಾತ್ರಗಳು. ಆದರೆ ಆನೆಯನ್ನು ಹಿಂಸಿಸುವ ದುಷ್ಟ ಮಾವುತನಾದವನು ಬ್ರೂಸ್ ಗಾರ್ಡನ್. ತೂಮಾಯ್‌ನ ತಂದೆಯಾದವರು ಡಬ್ಲ್ಯು.ಇ. ಹಾಲೋವೇ. ಮಾಚುವ ಅಪ್ಪ ಜೇಯ್ಸ್. ಮಾವುತನಾಗಿದ್ದ ಸ್ವಂತ ತಂದೆಯನ್ನು ಕಳೆದುಕೊಂಡ ಹುಡುಗನಿಗೆ ತೆರೆಯ ಮೇಲೆ ಸಿಕ್ಕಿದ ಮಾವುತ ತಂದೆ ಬಣ್ಣ ಬಳಿದುಕೊಂಡ ಆಂಗ್ಲ ನಟ!

ಇದಕ್ಕೆ ಸ್ಟುಡಿಯೊದವರ ಬಳಿ ಸಮರ್ಥನೆ ಇದ್ದಿರಲೇಬೇಕು. ಸಂಭಾಷಣೆ ಇಂಗ್ಲಿಷಿನಲ್ಲಿರಬೇಕು. ದಿನದ ಲೆಕ್ಕದಲ್ಲಿ ಹಣ ಖರ್ಚಾಗುವ ಸ್ಟುಡಿಯೊದಲ್ಲಿ ಒಂದೇ ಸಲಕ್ಕೆ ಸರಿಯಾಗಿ ಮಾತಾಡುವ ಅನುಭವಸ್ಥರು ಬೇಕು. ಚಿತ್ರ ಕಪ್ಪು ಬಿಳುಪಿನದಾದ್ದರಿಂದ ಮುಖದ ಬಣ್ಣ ಬೂದುಬಣ್ಣದ ಒಂದು ಛಾಯೆಯಾಗಿ ಮಾತ್ರ ಕಾಣುತ್ತದೆ. ಗಡ್ಡ, ಪೇಟ ಸೇರಿಸಿದರೆ ಲಂಡನ್ನಿನ ಪ್ರೇಕ್ಷಕನಿಗೆ ಅಷ್ಟೇ ಸಾಕಾಗಿತ್ತು. ಮೈಸೂರಿನ ಜನರು ಅದನ್ನು ನೋಡಿ ಏನೆನ್ನುತ್ತಾರೆ ಎಂಬುದು ಆ ಲೆಕ್ಕದಲ್ಲಿ ಇರಲಿಲ್ಲ.

ಆದರೂ ಚಿತ್ರವನ್ನು ಗೆಲ್ಲಿಸಿದವನು ಸಾಬುವೇ. ಆರಂಭದಲ್ಲಿಯೇ ಅವನು ಕ್ಯಾಮೆರಾ ನೋಡುತ್ತ ನೇರವಾಗಿ ಪ್ರೇಕ್ಷಕರೊಡನೆ ಮಾತಿಗಿಳಿಯುತ್ತಾನೆ. ಹೊಸದಾಗಿ ಕಲಿತ ಇಂಗ್ಲಿಷ್, ಅಳುಕಿಲ್ಲದ ನಗು. ಪಳಗಿದ ನಟರ ಅಭಿನಯ ಅವನ ಮುಂದೆ ಕೃತಕವಾಗಿ ಕಾಣುತ್ತದೆ. 1937ರ ವೆನಿಸ್ ಚಿತ್ರೋತ್ಸವದಲ್ಲಿ ಫ್ಲಾಹರ್ಟಿ ಮತ್ತು ಜೋಲ್ಟನ್ ಕೋರ್ಡಾ ಅವರಿಗೆ ಅತ್ಯುತ್ತಮ ನಿರ್ದೇಶನದ ಪ್ರಶಸ್ತಿ ಬಂತು. ಹದಿಮೂರರ ಹುಡುಗ ಸಾಬು ಬ್ರಿಟನ್ನಿನ ಅತ್ಯಂತ ಜನಪ್ರಿಯ ತಾರೆಗಳಲ್ಲೊಬ್ಬನಾದ.

ಬಣ್ಣ ಹಚ್ಚುವುದು ತಪ್ಪೇ?

ಇಲ್ಲೊಂದು ಪ್ರಶ್ನೆ ಏಳುತ್ತದೆ. ಇಷ್ಟಕ್ಕೂ ವೇಷವೆಂದರೆ ಬಣ್ಣವಲ್ಲವೇ? ನಮ್ಮ ಯಕ್ಷಗಾನದಲ್ಲಿ ‘ಬಣ್ಣದ ವೇಷ’ ಎಂಬ ವಿಭಾಗವೇ ಇದೆ. ಹಗಲು ಗದ್ದೆಯಲ್ಲಿ ದುಡಿದವನು ರಾತ್ರಿ ರಾಕ್ಷಸನಾಗುತ್ತಾನೆ. ಕಂಪನಿ ನಾಟಕಗಳಲ್ಲಿ ಗಂಡಸರು ಸ್ತ್ರೀಪಾತ್ರ ಮಾಡಿ ಹೆಂಗಸರನ್ನೇ ನಾಚಿಸಿದ್ದುಂಟು. ತಾನಲ್ಲದ್ದನ್ನು ತಾನಾಗಿ ತೋರಿಸುವುದೇ ನಟನೆಯಾದರೆ, ಜೇಯ್ಸ್ ಮಾವುತರ ಹಿರಿಯನಾದದ್ದರಲ್ಲಿ ತಪ್ಪೇನು?

ಅವರೊಬ್ಬರನ್ನೇ ನೋಡಿದರೆ ತಪ್ಪು ಕಾಣದೇ ಇರಬಹುದು. ಮಾಚುವ ಅಪ್ಪನನ್ನು ಅವರು ಹಾಸ್ಯಾಸ್ಪದನನ್ನಾಗಿಸಿಲ್ಲ. ಗಾಂಭೀರ್ಯದಿಂದಲೇ ಆಡಿದ್ದಾರೆ. ಪೋಷಕ ನಟನಿಗೆ ಕೊಟ್ಟ ಕೆಲಸ ಅದು, ಅವನು ಮಾಡಿದ. ತೊಂದರೆ ಇರುವುದು ಬೇರೆ ಕಡೆ. ಆ ಬಾಗಿಲು ಒಂದೇ ದಿಕ್ಕಿಗೆ ತೆರೆಯುತ್ತಿತ್ತು. ಬಾರ್ನೆಟ್‌ನ ಜೇಯ್ಸ್ ಮೈಸೂರಿನವನಾಗಬಹುದಿತ್ತು. ಮೈಸೂರಿನ ಸಾಬು ಬಾರ್ನೆಟ್‌ನವನಾಗುವ ಮಾತೇ ಇರಲಿಲ್ಲ. ವೇಷ ಕಟ್ಟುವ ಹಕ್ಕು ಒಬ್ಬನಿಗೆ. ಇನ್ನೊಬ್ಬನ ಮೈಬಣ್ಣವೇ ಅವನ ವೇಷ, ಬದುಕಿಡೀ ಅದನ್ನು ಕಳಚುವಂತಿಲ್ಲ.

ಅದೇ ಕೋರ್ಡಾ ಬಳಗದಲ್ಲಿ ದುಡಿದ ಅಮೆರಿಕದ ಕಪ್ಪು ಗಾಯಕ ನಟ ಪಾಲ್ ರೋಬ್ಸನ್ ಅವರಿಗೆ ಇದು ಬೇಗ ಅರ್ಥವಾಗಿತ್ತು. ‘ಸ್ಯಾಂಡರ್ಸ್ ಆಫ್ ದ ರಿವರ್’ನಲ್ಲಿ ಆಫ್ರಿಕದ ನಾಯಕನ ಪಾತ್ರ ವಹಿಸಿದ ರೋಬ್ಸನ್, ಸಿದ್ಧವಾದ ಚಿತ್ರ ವಸಾಹತು ಆಳ್ವಿಕೆಯನ್ನು ಕೊಂಡಾಡುವುದನ್ನು ಕಂಡು ಅದನ್ನು ಬಹಿರಂಗವಾಗಿ ನಿರಾಕರಿಸಿದರು. ಅವರು ಲೋಕ ಕಂಡಿದ್ದ, ಕಾನೂನು ಓದಿದ್ದ ಪ್ರಬುದ್ಧ ವ್ಯಕ್ತಿ. ಸಾಬು ಹೆತ್ತವರಿಲ್ಲದ ಬಾಲಕ. ಕೊಟ್ಟ ಪಾತ್ರವನ್ನು ಬೇಡವೆನ್ನುವ ಸ್ಥಿತಿ ಅವನದಾಗಿರಲಿಲ್ಲ.

1938ರಲ್ಲಿ ಬಂದ ಸಾಬುವಿನ ಎರಡನೆಯ ಚಿತ್ರ ‘ದ ಡ್ರಮ್’. ವಾಯವ್ಯ ಗಡಿನಾಡಿನ ಕಥೆ. ಸಾಬು ಇಲ್ಲಿ ಬ್ರಿಟಿಷರ ಗೆಳೆಯನಾದ ರಾಜಕುಮಾರ. ಬ್ರಿಟಿಷರ ವಿರುದ್ಧ ಸಂಚು ಹೂಡುವ ಅವನ ಚಿಕ್ಕಪ್ಪನಾಗಿ ಕೆನಡಾದ ರೇಮಂಡ್ ಮ್ಯಾಸಿ ಬಣ್ಣ ಹಚ್ಚಿದ್ದರು. ಸ್ವಾತಂತ್ರ್ಯ ಚಳವಳಿ ಕಾವೇರಿದ್ದ ಕಾಲವದು. ಮುಂಬಯಿಯಲ್ಲಿ ಚಿತ್ರದ ವಿರುದ್ಧ ದೊಡ್ಡ ಪ್ರತಿಭಟನೆ ನಡೆಯಿತು, ಪ್ರದರ್ಶನ ನಿಂತಿತು. ಸಾಮ್ರಾಜ್ಯದ ಚಿತ್ರಗಳಲ್ಲಿ ತಾವು ಹೇಗೆ ಕಾಣುತ್ತೇವೆ ಎಂಬುದನ್ನು ಭಾರತೀಯರು ಗಮನಿಸತೊಡಗಿದ್ದರು.

ಜೇಯ್ಸ್ ಅವರದು ಅಷ್ಟರಲ್ಲಿ ಮತ್ತೊಂದು ಅವತಾರ. 1939ರ ‘ದ ಫೋರ್ ಫೆದರ್ಸ್’ನಲ್ಲಿ ಅವರು ಜನರಲ್ ಫೇವರ್‌ಶಾಮ್. ಮಗ ಸೈನ್ಯ ಸೇರಿ ಮನೆತನದ ಮಾನ ಉಳಿಸಬೇಕೆಂದು ಹಟ ಹಿಡಿದ ಬ್ರಿಟಿಷ್ ಸೇನಾಧಿಕಾರಿ. ಎರಡು ವರ್ಷಗಳ ಹಿಂದೆ ಸಾಹೇಬನಿಗೆ ಸಲಾಮು ಹೊಡೆದವರು ಈಗ ಸಾಮ್ರಾಜ್ಯದ ದಂಡನಾಯಕ. ಅದೇ ಚಿತ್ರದಲ್ಲಿ ಮಗನ ಪಾತ್ರದ ಜಾನ್ ಕ್ಲೆಮೆಂಟ್ಸ್ ಮೈಗೆ ಬಣ್ಣ ಬಳಿದುಕೊಂಡು ಸುಡಾನಿನ ಬುಡಕಟ್ಟಿನವನಂತೆ ವೇಷ ಮರೆಸಿ ಶತ್ರುಗಳ ನಡುವೆ ಓಡಾಡುತ್ತಾನೆ. ಬಿಳಿಯನು ಯಾರಾಗಿಯಾದರೂ ಬದಲಾಗಬಲ್ಲ, ಅವನ ಗುಟ್ಟು ಯಾರಿಗೂ ತಿಳಿಯುವುದಿಲ್ಲ ಎಂಬ ನಂಬಿಕೆ ಕಥೆಯೊಳಗೂ ಇತ್ತು, ಕಥೆ ಮಾಡುವವರ ತಲೆಯೊಳಗೂ ಇತ್ತು.

ಜೇಯ್ಸ್ ಮತ್ತು ಸಾಬು ಮತ್ತೆ ಒಂದೇ ಚಿತ್ರದಲ್ಲಿ ಕಾಣಿಸಿಕೊಂಡದ್ದು 1940ರ ‘ದ ಥೀಫ್ ಆಫ್ ಬಾಗ್ದಾದ್’ನಲ್ಲಿ. ಜೇಯ್ಸ್ ಅವರದು ಕಥೆಗಾರನ ಪುಟ್ಟ ಪಾತ್ರ. ಸಾಬು ಚಿತ್ರದ ಜೀವಾಳವಾದ ಕಳ್ಳ ಅಬು. ಬಣ್ಣದ ಈ ಚಿತ್ರಕ್ಕೆ ಛಾಯಾಗ್ರಹಣ, ಕಲಾ ನಿರ್ದೇಶನ, ವಿಶೇಷ ಪರಿಣಾಮಗಳಿಗಾಗಿ ಮೂರು ಆಸ್ಕರ್ ಪ್ರಶಸ್ತಿಗಳು ದೊರೆತವು.

ಬೇರೆಯಾದ ದಾರಿಗಳು

ಎರಡನೆಯ ಮಹಾಯುದ್ಧ ಇಬ್ಬರನ್ನೂ ಬೇರೆ ಮಾಡಿತು. ಬಾಂಬು ದಾಳಿಗೆ ಹೆದರಿ ಕೋರ್ಡಾ ಕೆಲಸವನ್ನು ಹಾಲಿವುಡ್‌ಗೆ ಸಾಗಿಸಿದರು. ಸಾಬು ಅಮೆರಿಕ ಸೇರಿದ. ಜೇಯ್ಸ್ ಇಂಗ್ಲೆಂಡಿನಲ್ಲಿಯೇ ಉಳಿದರು.

ಉಳಿದವರಿಗೆ ಕೆಲಸ ತಪ್ಪಲಿಲ್ಲ. ಕ್ಯಾರಲ್ ರೀಡ್ ನಿರ್ದೇಶನದ ‘ದ ಸ್ಟಾರ್ಸ್ ಲುಕ್ ಡೌನ್’ ಚಿತ್ರದಲ್ಲಿ ಜೇಯ್ಸ್ ಕಲ್ಲಿದ್ದಲು ಗಣಿಯ ಮಾಲೀಕ ರಿಚರ್ಡ್ ಬ್ಯಾರಸ್. ಕಾರ್ಮಿಕರ ಜೀವಕ್ಕಿಂತ ಲಾಭವೇ ದೊಡ್ಡದೆಂದುಕೊಂಡವನ ಪಾತ್ರವದು. 1945ರಲ್ಲಿ ಈಲಿಂಗ್ ಸ್ಟುಡಿಯೊ ತಯಾರಿಸಿದ ಪ್ರಸಿದ್ಧ ಭಯಾನಕ ಚಿತ್ರ ‘ಡೆಡ್ ಆಫ್ ನೈಟ್’ನಲ್ಲಿಯೂ ಅವರಿದ್ದಾರೆ. ವಯಸ್ಸಾದಂತೆ ಪಾತ್ರಗಳ ವಯಸ್ಸೂ ಏರಿತು. ನಾಯಕನ ತಲೆ ನರೆತರೆ ಆತಂಕ. ಪೋಷಕ ನಟನ ತಲೆ ನರೆತರೆ ಅವನಿಗೆ ಇನ್ನೊಂದು ಬಗೆಯ ಪಾತ್ರ. ಯುದ್ಧದ ನಂತರವೂ ಚಿತ್ರಗಳಲ್ಲಿ ದುಡಿಯುತ್ತ ಬಂದ ಜೇಯ್ಸ್ ಎಪ್ಪತ್ತೇಳನೆಯ ವಯಸ್ಸಿನಲ್ಲಿ, 1962ರ ‘ರೀಚ್ ಫಾರ್ ಗ್ಲೋರಿ’ ಚಿತ್ರದಲ್ಲಿಯೂ ಕಾಣಿಸಿಕೊಂಡರು.

ಸಾಬುವಿನದು ತಿರುವುಮುರುವು. 1942ರ ‘ಜಂಗಲ್ ಬುಕ್’ನಲ್ಲಿ ಮೋಗ್ಲಿಯಾದ. ಅಲ್ಲಿಯೂ ಅವನ ತಾಯಿ ಮೆಸ್ಸುವಾ ಆಗಿದ್ದವರು ಅಮೆರಿಕದ ನಟಿ ರೋಸ್‌ಮೇರಿ ಡಿಕ್ಯಾಂಪ್. ನಂತರ ‘ಅರೇಬಿಯನ್ ನೈಟ್ಸ್’, ‘ಕೋಬ್ರಾ ವುಮನ್’ ಮುಂತಾದವುಗಳಲ್ಲಿ ನಾಯಕನ ಜೊತೆಗಾರ. 1944ರಲ್ಲಿ ಅಮೆರಿಕದ ಪೌರತ್ವ ಪಡೆದು ವಾಯುಸೇನೆ ಸೇರಿದ. ಬಿ-24 ಬಾಂಬರ್ ವಿಮಾನದ ಗನ್ನರ್ ಆಗಿ ಪೆಸಿಫಿಕ್ ರಣರಂಗದಲ್ಲಿ ಹಾರಾಡಿ, ಶೌರ್ಯಕ್ಕಾಗಿ ‘ಡಿಸ್ಟಿಂಗ್ವಿಷ್ಡ್ ಫ್ಲೈಯಿಂಗ್ ಕ್ರಾಸ್’ ಪದಕ ಗಳಿಸಿದ.

ಯುದ್ಧದಿಂದ ಮರಳಿದ ಯೋಧನಿಗೆ ಚಿತ್ರರಂಗ ಕೊಟ್ಟದ್ದು ಮತ್ತೆ ಅದೇ ಪೇಟ, ಅದೇ ಕಾಡು. 1947ರ ‘ಬ್ಲ್ಯಾಕ್ ನಾರ್ಸಿಸಸ್’ ಒಳ್ಳೆಯ ಚಿತ್ರ. ಹಿಮಾಲಯದ ಕಾನ್ವೆಂಟಿನ ಕಥೆಯನ್ನು ಇಂಗ್ಲೆಂಡಿನ ಸ್ಟುಡಿಯೊದಲ್ಲಿಯೇ ಕಟ್ಟಿದ ಸಾಹಸ. ಅದರಲ್ಲಿ ಸಾಬು ಯುವ ಜನರಲ್. ಅವನು ಪ್ರೀತಿಸುವ ಭಾರತೀಯ ಹುಡುಗಿಯಾಗಿ ಇಂಗ್ಲಿಷ್ ನಟಿ ಜೀನ್ ಸಿಮನ್ಸ್ ಕಂದು ಬಣ್ಣ ಹಚ್ಚಿಕೊಂಡಿದ್ದರು. ಅದೇ ವರ್ಷ ‘ದ ಎಂಡ್ ಆಫ್ ದ ರಿವರ್’ನಲ್ಲಿ ಸಾಬು ಬ್ರೆಜಿಲ್‌ನ ಮೂಲನಿವಾಸಿ. ಹಾಗೆ ನೋಡಿದರೆ ಅವನೂ ಬೇರೆ ಬೇರೆ ದೇಶದವನಾಗಿದ್ದಾನೆ: ಬಾಗ್ದಾದಿನವನು, ಬ್ರೆಜಿಲ್‌ನವನು, ದಕ್ಷಿಣ ಸಮುದ್ರದ ದ್ವೀಪದವನು. ಆದರೆ ಡಾಕ್ಟರು, ವಕೀಲ, ಗುಮಾಸ್ತ, ಪಕ್ಕದ ಮನೆಯಾತ ಎಂದೂ ಆಗಲಿಲ್ಲ. ತನ್ನ ನಿಜ ಬದುಕಿನಲ್ಲಿ ಆಗಿದ್ದ ಅಮೆರಿಕದ ಯೋಧನ ಪಾತ್ರದಿಂದಲೂ ಯಾರೂ ಅವನ ಹೆಸರನ್ನು ಬೆಳೆಸಲಿಲ್ಲ.

1950ರ ದಶಕದಲ್ಲಿ ಚಿತ್ರಗಳು ಅಗ್ಗವಾಗುತ್ತ ಹೋದವು. 1952ರಲ್ಲಿ ಲಂಡನ್ನಿನ ಹ್ಯಾರಿಂಗೇಯಲ್ಲಿ ನಡೆದ ಸರ್ಕಸ್ಸಿನಲ್ಲಿ ಅವನು ಆನೆಗಳೊಂದಿಗೆ ಪ್ರದರ್ಶನ ನೀಡಿದ. ಭಾರತದಲ್ಲಿ ಒಂದು ಅವಕಾಶ ಹತ್ತಿರ ಬಂದು ತಪ್ಪಿತು. ಮೆಹಬೂಬ್ ಖಾನ್ ತಮ್ಮ ‘ಮದರ್ ಇಂಡಿಯಾ’ದ ಬಿರ್ಜು ಪಾತ್ರಕ್ಕೆ ಮೊದಲು ಸಾಬುವನ್ನು ಬಯಸಿದ್ದರು. ವಿದೇಶಿ ಪ್ರಜೆಯಾಗಿದ್ದ ಅವನಿಗೆ ಕೆಲಸದ ಪರವಾನಗಿ ಸಿಗಲಿಲ್ಲ. 1957ರಲ್ಲಿ ತೆರೆಕಂಡ ಚಿತ್ರದಲ್ಲಿ ಬಿರ್ಜು ಆದವರು ಸುನಿಲ್ ದತ್. ಹುಟ್ಟಿದ ದೇಶದ ಒಂದು ಚಿತ್ರದಲ್ಲಿಯೂ ಸಾಬು ನಟಿಸಲಾಗಲಿಲ್ಲ.

1963ರ ಸೆಪ್ಟೆಂಬರ್ 20ರಂದು ಅಲನ್ ಜೇಯ್ಸ್ ಲಂಡನ್ನಿನಲ್ಲಿ ತೀರಿಕೊಂಡರು. ಎಪ್ಪತ್ತೆಂಟು ವರ್ಷ ವಯಸ್ಸಾಗಿತ್ತು. ಅದೇ ವರ್ಷ ಡಿಸೆಂಬರ್ 2ರಂದು ಕ್ಯಾಲಿಫೋರ್ನಿಯಾದ ಮನೆಯಲ್ಲಿ ಸಾಬು ಹೃದಯಾಘಾತದಿಂದ ಸತ್ತ. ಅವನಿಗೆ ಮೂವತ್ತೊಂಬತ್ತು, ಮಾಚುವ ಅಪ್ಪನ ವಯಸ್ಸಿನ ಸರಿಯಾಗಿ ಅರ್ಧ. ಮರುವರ್ಷ ತೆರೆಕಂಡ ಡಿಸ್ನಿ ಸಂಸ್ಥೆಯ ‘ಎ ಟೈಗರ್ ವಾಕ್ಸ್’ ಅವನ ಕೊನೆಯ ಚಿತ್ರ. ಅದರಲ್ಲಿ ಅವನದು ಹುಲಿಯನ್ನು ಪಳಗಿಸುವವನ ಪೋಷಕ ಪಾತ್ರ.

ರಾಮನಗರದ ಬಂಡೆಗಳ ನಡುವೆ

ಬಾಗಿಲು ಒಂದೇ ಸಲಕ್ಕೆ ತೆರೆಯಲಿಲ್ಲ. ‘ಎಲಿಫೆಂಟ್ ಬಾಯ್’ ತಂಡ ಬಂದುಹೋದ ಸುಮಾರು ಅರ್ಧ ಶತಮಾನದ ನಂತರ ಇನ್ನೊಂದು ದೊಡ್ಡ ಬ್ರಿಟಿಷ್ ಚಿತ್ರ ಕರ್ನಾಟಕಕ್ಕೆ ಬಂತು. ಡೇವಿಡ್ ಲೀನ್ ತಮ್ಮ ‘ಎ ಪ್ಯಾಸೇಜ್ ಟು ಇಂಡಿಯಾ’ ಚಿತ್ರಕ್ಕಾಗಿ ಬೆಂಗಳೂರನ್ನೂ ಸಾವನದುರ್ಗ, ರಾಮದೇವರಬೆಟ್ಟದ ಬಂಡೆಗಳನ್ನೂ ಆರಿಸಿಕೊಂಡರು. 1984ರಲ್ಲಿ ತೆರೆಕಂಡ ಆ ಚಿತ್ರದ ಮುಖ್ಯ ಪಾತ್ರವಾದ ಡಾಕ್ಟರ್ ಅಜೀಜ್ ಆಗಿದ್ದವರು ವಿಕ್ಟರ್ ಬ್ಯಾನರ್ಜಿ. ರೋಷನ್ ಸೇಠ್, ಸಯೀದ್ ಜಾಫ್ರಿ ಕೂಡ ಇದ್ದರು. ಬಾಗಿಲು ಅರ್ಧ ತೆರೆದಿತ್ತು. ಉಳಿದರ್ಧದಲ್ಲಿ ಬ್ರಾಹ್ಮಣ ಪಂಡಿತ ಗೋಡ್ಬೋಲೆಯಾಗಿ, ಕಂದು ಬಣ್ಣ ಹಚ್ಚಿಕೊಂಡು ಇಂಗ್ಲೆಂಡಿನ ಹೆಸರಾಂತ ನಟ ಅಲೆಕ್ ಗಿನ್ನೆಸ್ ನಿಂತಿದ್ದರು! ಜೇಯ್ಸ್ ಕಾಲದಲ್ಲಿ ಯಾರ ಗಮನಕ್ಕೂ ಬರದೆ ಹೋಗುತ್ತಿದ್ದ ಇಂಥ ವೇಷಕ್ಕೆ ಈ ಹೊತ್ತಿಗೆ ಟೀಕೆಗಳು ಬಂದವು.

ಬಾಗಿಲು ಇನ್ನೊಂದು ದಿಕ್ಕಿಗೂ ತೆರೆದದ್ದನ್ನು ನೋಡಲು 2019ರವರೆಗೆ ಕಾಯಬೇಕಾಯಿತು. ಚಾರ್ಲ್ಸ್ ಡಿಕನ್ಸ್ ಕಾದಂಬರಿ ಆಧರಿಸಿದ ಬ್ರಿಟಿಷ್ ಚಿತ್ರದಲ್ಲಿ ಡೇವಿಡ್ ಕಾಪರ್‌ಫೀಲ್ಡ್ ಪಾತ್ರ ವಹಿಸಿದವರು ಭಾರತೀಯ ಮೂಲದ ದೇವ್ ಪಟೇಲ್. ಹತ್ತೊಂಬತ್ತನೆಯ ಶತಮಾನದ ಅಪ್ಪಟ ಇಂಗ್ಲಿಷ್ ನಾಯಕನ ಪಾತ್ರ. ಮುಖಕ್ಕೆ ಬಿಳಿ ಬಣ್ಣ ಹಚ್ಚಿಕೊಳ್ಳಲಿಲ್ಲ. ಹಚ್ಚಬೇಕೆಂದು ನಿರ್ದೇಶಕರಿಗೂ ಅನ್ನಿಸಲಿಲ್ಲ.

ಮೈಸೂರಿನ ಕಡೆ ಉಳಿದದ್ದೇನು? ಕಾಕನಕೋಟೆಯ ಕೊನೆಯ ಖೆಡ್ಡಾ ನಡೆದದ್ದು 1971ರಲ್ಲಿ. ಆ ಕಾಡಿನ ಬಹುಭಾಗ ನಂತರ ಕಬಿನಿ ಜಲಾಶಯದಲ್ಲಿ ಮುಳುಗಿತು. ಆದರೆ ಮಾವುತರ ಕಸುಬು ನಿಂತಿಲ್ಲ. ಮೂಡಿಗೆರೆ, ಆಲ್ದೂರು ಭಾಗದ ಕಾಫಿ ತೋಟಗಳಿಗೆ ಕಾಡಾನೆ ನುಗ್ಗಿದಾಗ ದುಬಾರೆ, ಮತ್ತಿಗೋಡು ಶಿಬಿರಗಳಿಂದ ಸಾಕಾನೆಗಳು ಲಾರಿಯಲ್ಲಿ ಬರುತ್ತವೆ. ಅಭಿಮನ್ಯು, ಭೀಮ, ಮಹೇಂದ್ರ ಎಂದು ಆನೆಗಳ ಹೆಸರನ್ನು ಶಾಲೆಯ ಮಕ್ಕಳೂ ಹೇಳುತ್ತಾರೆ. ಅವುಗಳ ಕಿವಿಯ ಹಿಂದೆ ಕಾಲಿಟ್ಟು ಕುಳಿತ ಮಾವುತ, ಜೊತೆಗಿರುವ ಕಾವಾಡಿಯ ಹೆಸರು ಬಲ್ಲವರು ಕಡಿಮೆ.

‘ಎಲಿಫೆಂಟ್ ಬಾಯ್’ ಚಿತ್ರದಲ್ಲಿಯೂ ಅಂಥವರು ಇದ್ದಾರೆ. ಫ್ಲಾಹರ್ಟಿ ಮೈಸೂರಿನಲ್ಲಿ ತೆಗೆದ ಖೆಡ್ಡಾ ದೃಶ್ಯಗಳಲ್ಲಿ ಹೊಳೆಗೆ ಆನೆ ಇಳಿಸುವವರು, ಹಿಂಡನ್ನು ಅಟ್ಟುವವರು, ಹಗ್ಗ ಬಿಗಿಯುವವರು ಎಲ್ಲರೂ ನಿಜವಾದ ಮಾವುತರು, ಕಾಡಿನ ಜನರು. ಅವರಲ್ಲಿ ಯಾರಿಗೂ ಬಣ್ಣ ಬೇಕಿರಲಿಲ್ಲ. ಚಿತ್ರದ ನಟವರ್ಗದ ಪಟ್ಟಿಯಲ್ಲಿ ಅಲನ್ ಜೇಯ್ಸ್ ಹೆಸರಿದೆ, ಸಾಬುವಿನ ಹೆಸರಿದೆ. ಮಾಚುವ ಅಪ್ಪನ ಕೆಲಸವನ್ನು ದಿನನಿತ್ಯ ಮಾಡುತ್ತಿದ್ದ ಮೈಸೂರಿನ ಆ ಮನುಷ್ಯರ ಹೆಸರುಗಳಿಲ್ಲ.